ತಮ್ಮನೆಂದು ಬಂದವನ ಬಗ್ಗೆ

ನನ್ನ ಹೆಸರು ಮಾಸ್ತಿ, ತಂದೆ ದಿವಂಗತ ಬೊಮ್ಮ ಹರಿಕಂತ್ರ, ವಯಸ್ಸು ೩೪, ಕಸುಬು ಬಲೆ ಹೆಣೆಯುವುದು, ವಾಸ ಮಾವಿನಕುರ್ವೆ, ಹೊನ್ನಾವರ ತಾಲ್ಲೂಕು. ನಾನೇ ಖುದ್ದಾಗಿ ಠಾಣೆಗೆ ಬಂದು ಬರೆಯಿಸುವುದೇನೆಂದರೆ:

೧೯೬೨ನೇ ಇಸವಿ ಮಳೆಗಾಲದ ಮೊದಲಿಗೆ ನನ್ನ ತಮ್ಮ ಜಟ್ಟ ಮೀನಿಗೆ ಹೋದ ದೋಣಿ, ಹೊಳೆ ಕಡಲು ಸೇರುವ ಅಳಿವೆಯಲ್ಲಿ ಮಗುಚಿತು. ಹೆಣ ಸಿಗಲಿಲ್ಲ. ಹುಲ್ಲಿನ ಗೊಂಬೆ ಮಾಡಿ ನಾನೇ ಬೆಂಕಿ ಇಟ್ಟೆನು. ಎಡೆ ಇಟ್ಟ ಕೂಡಲೇ ಕಾಗೆ ಮುಟ್ಟಿತು. ಬದುಕಿರುವವನ ಎಡೆಯನ್ನು ಕಾಗೆ ಮುಟ್ಟುವುದಿಲ್ಲ. ಆದ್ದರಿಂದ ಜಟ್ಟ ಸತ್ತಿದ್ದಾನೆ.

ಕಳೆದ ನವೆಂಬರ್‌ನಲ್ಲಿ, ೧೯೬೫ರ ಯುದ್ಧ ನಿಂತ ಮೇಲೆ, ಒಬ್ಬ ಮನುಷ್ಯ ಕುಮಟೆಯ ಕಡೆಯಿಂದ ಬಂದು ತಾನೇ ಜಟ್ಟನೆಂದನು. ಯಾವುದೋ ಹಡಗಿನವರು ನೀರಿನಿಂದ ಎತ್ತಿಕೊಂಡರೆಂದೂ, ಇಷ್ಟು ದಿನ ಮುಂಬಯಿ ಬಂದರಿನಲ್ಲಿ ಕೂಲಿ ಮಾಡಿಕೊಂಡಿದ್ದೆನೆಂದೂ ಹೇಳಿದನು. ನನ್ನ ತಾಯಿ ಗಂಗೆ, ಅವನ ಕಾಲಿಗೆ ನೀರು ಕೊಟ್ಟು ಒಳಗೆ ಕರೆದಳು. ಮುಖ, ಎತ್ತರ ಜಟ್ಟನದೇ. ಆದರೆ ಜಟ್ಟ ಎಡಚ. ಇವನು ಬಲೆಯ ಗಂಟನ್ನು ಬಲಗೈಯಲ್ಲಿ ಹಾಕುತ್ತಾನೆ. ಕೇಳಿದರೆ ಎಡಗೈ ಮುರಿದಿತ್ತೆನ್ನುತ್ತಾನೆ. ಹಿಂದೆ ಸತ್ತ ನಮ್ಮ ನಾಯಿಯ ಹೆಸರು, ನಮ್ಮ ತಂದೆ ಬೈಯುತ್ತಿದ್ದ ಬೈಗುಳ, ಎಲ್ಲವನ್ನೂ ಯಾರೂ ಕೇಳದಿದ್ದರೂ ಹೇಳುತ್ತಾನೆ. ಮನೆಯ ಮಗ ಹಾಗೆ ಹೇಳುತ್ತ ಕೂರುವುದಿಲ್ಲ. ಯಾರೋ ಕಲಿಸಿ ಕಳಿಸಿದ್ದಾರೆ.

ಅಂಚೆಯವನು, ಕ್ಷೌರಿಕ, ಹೊಳೆ ದಾಟಿಸುವವನು ಮೂವರೂ ಇದರಲ್ಲಿ ಸೇರಿದ್ದಾರೆ. ನನ್ನನ್ನು ಕಂಡ ಕೂಡಲೇ ಮಾತು ನಿಲ್ಲಿಸುತ್ತಾರೆ. ತಮ್ಮನೆಂದು ಬಂದ ಇವನು ಕಡಲು ನೋಡುತ್ತ ಕೂರುವುದು ವೈರಿಗಳ ಹಡಗಿಗೆ ಕಾಯಲಿಕ್ಕೇ ಎಂದು ಹಿಂದೆಯೂ ಇಲ್ಲಿ ಬಾಯಿಮಾತಿನಲ್ಲಿ ತಿಳಿಸಿದ್ದೆನು. ಜಮಾದಾರರು ನಕ್ಕರು. ನನಗೆ ತಲೆ ಕೆಟ್ಟಿದೆಯೆಂದು ಪೇಟೆಯಲ್ಲೆಲ್ಲ ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ.

ನಿನ್ನೆ ಬೆಳಿಗ್ಗೆ ಅವನು ಮೀನಿಗೆ ಹೋದ ಮೇಲೆ ತಾಯಿಗೆ ಇಡಗುಂಜಿ ಗಣಪತಿಯ ಆಣೆ ಹಾಕಿ, ಅವನು ನಿನ್ನ ಮಗನೇ ಎಂದು ಕೇಳಿದೆನು. ತಾಯಿ ಗಂಜಿಯ ಮಡಕೆ ಇಳಿಸಿ ಸಣ್ಣ ದನಿಯಲ್ಲಿ ಹೇಳಿದ ಮಾತು ಹೀಗಿದೆ: "ನಂಗೆ ಮೊದ್ಲೇ ಗೊತ್ತದೆ ಮಗಾ. ಅಂವ ಜಟ್ಟ ಅಲ್ಲ. ಯಾರ ಕೈಲೂ ಹೇಳ್ಬೇಡ, ಆತಾ?"

ನನ್ನ ಮಾತನ್ನು ಒಪ್ಪಿದವಳು ಇವಳೊಬ್ಬಳೇ. ನನಗೆ ಸಂತೋಷವಾಗಬೇಕಿತ್ತು. ಆಗಲಿಲ್ಲ. ನೀನು ಹೇಳುವುದೆಲ್ಲ ಸುಳ್ಳೆಂದು ತಾಯಿ ಒಮ್ಮೆ ಬೈದುಬಿಡಲಿ ಎಂದೇ ಇಷ್ಟು ದಿನ ಕಾಯುತ್ತಿದ್ದೆನೆಂದು ಆಗ ತಿಳಿಯಿತು. ಮತ್ತೇಕೆ ಇಟ್ಟುಕೊಂಡಿದ್ದೀ ಎಂದು ಕೇಳಲು, ಅವನು ಹೆತ್ತವಳನ್ನು ಕರೆದ ಹಾಗೆ ತನ್ನನ್ನು ಅಬ್ಬೇ ಎಂದು ಕರೆಯುತ್ತಾನೆಂದು ಹೇಳಿದಳು. ನಾನು ಆಮೇಲೆ ಮನೆಗೆ ಹೋಗಿಲ್ಲ.

ಆದ್ದರಿಂದ ಅವನನ್ನು ಹಿಡಿಯಬಾರದು. ತಾಯಿಯನ್ನು ಇಲ್ಲಿಗೆ ಕರೆಸಬಾರದು. ನಾಯಿಯ ಹೆಸರನ್ನೂ ತಂದೆಯ ಬೈಗುಳವನ್ನೂ ಅವನಿಗೆ ಹೇಳಿಕೊಡಬಲ್ಲವನು ಜಟ್ಟನೊಬ್ಬನೇ. ನಮ್ಮ ಜಟ್ಟನನ್ನು ಕೊನೆಯ ಸಲ ಎಲ್ಲಿ ಕಂಡೆ ಎಂದಷ್ಟೇ ಅವನನ್ನು ಕೇಳಿ, ನನಗೊಬ್ಬನಿಗೇ ತಿಳಿಸಬೇಕು.

ಬರೆದದ್ದನ್ನು ಓದಿ ಹೇಳಿದ್ದಾರೆ. ನಾನು ಹೇಳಿದಂತೆಯೇ ಇದೆ, ಸುಳ್ಳಿಲ್ಲ.

ಹೊನ್ನಾವರ, ತಾರೀಖು ೧೮-೧-೧೯೬೬
ಮಾಸ್ತಿ ಬೊಮ್ಮ ಹರಿಕಂತ್ರನ ಹೆಬ್ಬೆಟ್ಟಿನ ಗುರುತು