ತಾಗ್ತಾ, ತಾಗ್ಲಿಲ್ವಾ

ಮುಂದಿನ ಸಾಲಿನಲ್ಲಿ ಕೂತಿರುವ ಕದಿರಮ್ಮನವರಿಗೆ, ರಾಯಕೋಟೆಯಿಂದ ಬಂದಿರುವ ಅವರ ಬಂಧುಗಳಿಗೆ, ಡಾಕ್ಟರ್ ಅರುಣ್‌ಕುಮಾರ್ ಅವರಿಗೆ, ಡ್ಯೂಟಿ ನಡುವೆ ಬಿಡುವು ಮಾಡಿಕೊಂಡು ಬಂದಿರುವ ನಮ್ಮ ಆಸ್ಪತ್ರೆಯವರಿಗೆಲ್ಲ ವರಲಕ್ಷ್ಮಿಯ ನಮಸ್ಕಾರ. ಇಲ್ಲಿ ಹೆಚ್ಚಿನವರು ತಮಿಳರು, ತಮಿಳಿನಲ್ಲಿ ಮಾತಾಡಿ ಮೇಡಂ, ಎಲ್ಲರಿಗೂ ಅರ್ಥವಾಗುತ್ತದೆ ಎಂದರು ಸಭೆ ಏರ್ಪಡಿಸಿದವರು. ಆಗುವುದಿಲ್ಲ ಎಂದೆ. ಇವತ್ತು ನಾನು ಹೇಳಬೇಕಾದದ್ದು ಬೀರೇಶ್ ಅವರ ತಾಯಿಗೆ. ಅರ್ಥವಾಗದವರು ಪಕ್ಕದವರನ್ನು ಕೇಳಿ ತಿಳಿದುಕೊಳ್ಳಿ.

ಕದಿರಮ್ಮನವರೇ — ಆವತ್ತು ಐಸಿಯು ಬಾಗಿಲಲ್ಲಿ ನೀವು ನನ್ನ ಕೈ ಹಿಡಿದು ಒಂದೇ ಒಂದು ಮಾತು ಕೇಳಿದಿರಿ. "ಬಿದ್ದಾಗ ನನ್ ಮಗನ್ ತಾವ ಯಾರಾನ ಇದ್ರಾ ತಾಯಿ?" ನನಗೆ ಗೊತ್ತಿರಲಿಲ್ಲ. ಇವತ್ತು ಅದಕ್ಕೆ ಉತ್ತರ ತಂದಿದ್ದೇನೆ. ಸ್ವಲ್ಪ ಸುತ್ತಿ ಬಳಸಿ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ಬೀರೇಶ್ ಇಲ್ಲಿ ಏನು ಕೆಲಸ ಮಾಡುತ್ತಿದ್ದರು ಎಂಬುದು ಇಲ್ಲಿರುವ ಅರ್ಧ ಜನಕ್ಕೆ ಗೊತ್ತಿಲ್ಲ. ನಗಬೇಡಿ, ಗೊತ್ತಿಲ್ಲ. ಔಷಧಿ ಸ್ಟೋರಿನ ಹಿಂದೆ ಒಂದು ಕೋಣೆ, ಎರಡು ಕುರ್ಚಿ, ಒಂದು ಫ್ಯಾನು. ಅದು ಕೋಡಿಂಗ್ ವಿಭಾಗ. ಫೈಲಿನಲ್ಲಿ ರೋಗಿಯ ಗಾಯಕ್ಕೊಂದು ಕೋಡ್, ಅಂದರೆ ಸಂಕೇತ ಸಂಖ್ಯೆ, ಹಾಕಬೇಕು, ಆ ಗಾಯ ಹೇಗಾಯಿತು ಎಂಬುದಕ್ಕೆ ಇನ್ನೊಂದು. ಬೈಕು ಲಾರಿಗೆ ಗುದ್ದಿದರೆ ಒಂದು ಕೋಡ್, ಮರಕ್ಕೆ ಗುದ್ದಿದರೆ ಬೇರೆ, ದನಕ್ಕೋ ನಾಯಿಗೋ ಗುದ್ದಿದರೆ ಮತ್ತೂ ಬೇರೆ. ನಾಯಿ ಅಡ್ಡ ಬಂತೆಂದು ಬ್ರೇಕ್ ಹಾಕಿ, ಅದಕ್ಕೆ ತಾಗದೆ ಹಾಗೇ ಬಿದ್ದರೆ — ಅದು ಡಿಕ್ಕಿಯೇ ಅಲ್ಲ, ಅದರ ಕೋಡೇ ಬೇರೆ. ಓಡಿಸುತ್ತಿದ್ದವರಿಗೆ ಒಂದು, ಹಿಂದೆ ಕೂತವರಿಗೆ ಒಂದು. ಗೊತ್ತಿಲ್ಲ ಎನ್ನುವುದಕ್ಕೂ ಒಂದು ಕೋಡ್ ಇದೆ. ನಮ್ಮ ಕೆಲಸದಲ್ಲಿ ಎಲ್ಲರೂ ಅದನ್ನು ಹಾಕಿ ಕೈ ತೊಳೆದುಕೊಳ್ಳುತ್ತಾರೆ. ನಾನೂ ಹಾಕುತ್ತೇನೆ. ಬೀರೇಶ್ ಹಾಕುತ್ತಿರಲಿಲ್ಲ.

ಎದ್ದು ವಾರ್ಡಿಗೆ ಹೋಗುತ್ತಿದ್ದರು. ಗುಮ್ಮಳಾಪುರದ ದಂಪತಿ ನಿಮಗೆ ನೆನಪಿರಬೇಕು, ಸಿಸ್ಟರ್ ಶಾಂತಿ. ನಾಯಿ ಅಡ್ಡ ಬಂದು ಬೈಕಿನಿಂದ ಬಿದ್ದವರು. ಗಂಡನಿಗೆ ಭುಜ, ಹೆಂಡತಿಗೆ ಕಾಲು. ಬೀರೇಶ್ ಹೋಗಿ ಹೀಗೆ ಕೈಕಟ್ಟಿ ನಿಂತು ಕೇಳಿದರಂತೆ — ನಾಯಿಗೆ ತಾಗ್ತಾ, ತಾಗ್ಲಿಲ್ವಾ? ಆ ಮನುಷ್ಯ ರೇಗಿಬಿಟ್ಟ. "ಲೇ, ನನ್ ಭುಜ ಮುರ್ದೋಗೈತೆ, ನೀನು ನಾಯಿ ಯೋಗಕ್ಷೇಮ ಕೇಳ್ತಾ ಇದ್ದೀಯಲ್ಲಾ!" ಬೀರೇಶ್ ಅಲ್ಲಾಡಲಿಲ್ಲ. ಗಾಡಿ ಓಡಿಸುತ್ತಿದ್ದವರು ಯಾರು ಎಂದು ಇನ್ನೊಂದು ಕೇಳಿದರು. ಗಂಡ ಗೋಡೆ ಕಡೆ ತಿರುಗಿ ಮಲಗಿದ. ಓಡಿಸುತ್ತಿದ್ದವಳು ತಾನೇ, ಇವರಿಗೆ ಹೇಳಿಕೊಳ್ಳೋಕೆ ನಾಚಿಕೆ ಎಂದು ಹೆಂಡತಿ ನಕ್ಕಳು. ಅವತ್ತಿನಿಂದ ಇಡೀ ಆಸ್ಪತ್ರೆ ಅವರನ್ನು ನಾಯಿ ಬೀರೇಶ್ ಎಂದಿತು. ಅವರೂ ನಗುತ್ತಿದ್ದರು.

ನಾನು ಮಾತ್ರ ಜಗಳವಾಡುತ್ತಿದ್ದೆ. ಆ ಫ್ಯಾನಿಗೆ! ಅದು ಜೋರಾಗಿ ತಿರುಗಿದರೆ ಆ ಸದ್ದಿಗೆ ಬೀರೇಶ್‌ಗೆ ತಲೆನೋವು, ನಿಧಾನವಾದರೆ ನನಗೆ ಸೆಕೆ. ನಾನು ಏರಿಸುವುದು, ಅವರು ಬಂದು ಇಳಿಸುವುದು. ಈಗ ನಾನು ಬೆಳಗ್ಗೆ ಏರಿಸಿದರೆ ಸಂಜೆಯವರೆಗೆ ಅದು ಹಾಗೇ ತಿರುಗುತ್ತದೆ. ಇಳಿಸುವವರಿಲ್ಲ. "ಅಕ್ಕಾ, ಟೀಗೆ ಹೋಗೋಣ್ವಾ" ಎನ್ನುವವರಿಲ್ಲ. ದಿನವಿಡೀ ಕನ್ನಡದಲ್ಲಿ ಒಂದು ಮಾತೂ ಆಡದೆ ಮನೆಗೆ ಹೋಗುತ್ತೇನೆ. ಇಷ್ಟು ಕಷ್ಟವಾಗುತ್ತದೆ ಎಂದು ನನಗೆ ಗೊತ್ತಿರಲಿಲ್ಲ — ನಿಜವಾಗಿ ಗೊತ್ತಿರಲಿಲ್ಲ.

ಬೀರೇಶ್ ಅವರ ಫೈಲು ನನ್ನ ಮೇಜಿಗೇ ಬಂತು. ಇನ್ಯಾರ ಮೇಜಿಗೆ ಬರಬೇಕು? ಕೆಲಸ ಮುಗಿಸಿ ಊರಿಗೆ ಹೋಗುವಾಗ ಉದ್ದನಪಲ್ಲಿ ಹತ್ತಿರ ಬೈಕಿನಿಂದ ಬಿದ್ದದ್ದು, ಹೊಟ್ಟೆಯೊಳಗೆ ರಕ್ತಸ್ರಾವ. ನೋಡಿದವರಿಲ್ಲ. ಅಷ್ಟೇ ಬರೆದಿತ್ತು. ಗೊತ್ತಿಲ್ಲ ಎನ್ನುವ ಕೋಡ್ ಹಾಕಿ ಮುಂದಕ್ಕೆ ಕಳಿಸಬಹುದಿತ್ತು. ಕೈ ಬರಲಿಲ್ಲ. ಎದುರಿನ ಕುರ್ಚಿ ಖಾಲಿ, ಕದಿರಮ್ಮನವರೇ, ನಿಮ್ಮ ಮಾತು ಕಿವಿಯಲ್ಲಿ.

ಅವರನ್ನು ಇಲ್ಲಿಗೆ ತಂದ ಗೂಡ್ಸ್ ಆಟೋದ ಮುನಿಶಾಮಿಯನ್ನು ಹುಡುಕಿ ಕೇಳಿದೆ. ಅಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ, ಇವರಿಗೆ ಮಾತೂ ನಿಂತಿತ್ತು ಎಂದ. ಹೊರಡುವಾಗ ಇನ್ನೊಂದು ಹೇಳಿದ. ಹೆಲ್ಮೆಟ್ ಬಿಚ್ಚಿ ಪಕ್ಕದಲ್ಲಿ ಇಟ್ಟಿತ್ತಂತೆ. ತಲೆ ಕೆಳಗೆ ಸಿಂಬೆ ಇತ್ತಂತೆ. ಸಿಂಬೆ — ಹುಲ್ಲಿನ ಹೊರೆ ಹೊರುವಾಗ ಹೆಂಗಸರು ತಲೆ ಮೇಲೆ ಸುತ್ತಿಟ್ಟುಕೊಳ್ಳುವ ಬಟ್ಟೆ. ಬೈಕಲ್ಲಿ ಹೋಗುವ ಗಂಡಸಿನ ಹತ್ತಿರ ಅದೆಲ್ಲಿಂದ ಬರಬೇಕು?

ನಾನು ಕೆಲಸಕ್ಕೆಂದು ವಾರ್ಡಿನವರೆಗೂ ಹೋಗದವಳು. ಭಾನುವಾರ ರಾಯಕೋಟೆ ಬಸ್ಸು ಹತ್ತಿ ಉದ್ದನಪಲ್ಲಿಯಲ್ಲಿ ಇಳಿದೆ. ಹುಲ್ಲು ಕೊಯ್ಯುವವರನ್ನು ಒಬ್ಬೊಬ್ಬರನ್ನೇ ಕೇಳಿದೆ. ಎಲ್ಲರೂ ಗೊತ್ತಿಲ್ಲ ಎಂದರು. ಬಸ್ಸಿಗೆ ಕಾಯುತ್ತಾ ನಿಂತಿದ್ದಾಗ ಒಬ್ಬ ಅಜ್ಜಿ ಬಂದು ನನ್ನ ಸೆರಗು ಎಳೆದರು. ರಾಮಲಕ್ಷ್ಮಮ್ಮ. ಅವರ ಕರು ಹಗ್ಗ ಬಿಡಿಸಿಕೊಂಡು ರಸ್ತೆಗೆ ನುಗ್ಗಿತ್ತು. ಬೀರೇಶ್ ಅದನ್ನು ತಪ್ಪಿಸಲು ಹೋಗಿ ಬಿದ್ದರು. ಹೊರೆ ಎಸೆದು ಅಜ್ಜಿ ಓಡಿಹೋದರಂತೆ, ತಮ್ಮ ಸಿಂಬೆಯನ್ನೇ ತಲೆ ಕೆಳಗೆ ಇಟ್ಟರಂತೆ. ಅವರು ಹೇಳಿದ್ದನ್ನು ಹಾಗೇ ಹೇಳುತ್ತೇನೆ, ಕದಿರಮ್ಮನವರೇ.

"ಕಣ್ ಬಿಟ್ಟು ನನ್ನ ನೋಡ್ತು. ಕರುಗೆ ತಾಗ್ತಾ, ತಾಗ್ಲಿಲ್ವಾ ಅಂತು. ತಾಗ್ಲಿಲ್ಲ ಕಣಪ್ಪಾ ಅಂದೆ. ಸದ್ಯ ಅಂತು. ಆಮ್ಯಾಕೆ ಮಾತಾಡ್ನಿಲ್ಲ. ಆಟೋ ಬೆಳಕು ಕಾಣೋಗಂಟ ಕೈ ಹಿಡ್ಕಂಡೇ ಕೂತಿದ್ದೆ. ಪೋಲೀಸ್ನೋರು ಬತ್ತಾರೆ ಅಂತ ಭಯ ಆಗಿ ಹೊಲದೊಳಕ್ಕೆ ಹೋಗ್ಬುಟ್ಟೆ."

ಇಷ್ಟೇ ನನಗೆ ಸಿಕ್ಕಿದ್ದು. ಫೈಲಿನಲ್ಲಿ ಏನು ಹಾಕಬೇಕೋ ಅದನ್ನು ಹಾಕಿದೆ — ಡಿಕ್ಕಿಯಿಲ್ಲದೆ ಬಿದ್ದದ್ದು, ಗಾಡಿ ಓಡಿಸುತ್ತಿದ್ದವರು. ಪಕ್ಕದಲ್ಲಿ ಯಾರು ಕೂತಿದ್ದರು ಎಂಬುದಕ್ಕೆ ಕೋಡ್ ಇಲ್ಲ. ಅದನ್ನು ಬಾಯಲ್ಲೇ ಹೇಳಬೇಕು. ನಿಮ್ಮ ಮಗ ಬಿದ್ದಾಗ ಅವರ ಹತ್ತಿರ ಒಬ್ಬರಿದ್ದರಮ್ಮ. ಕೇಳಿದ್ದಕ್ಕೆ ಉತ್ತರ ಕೊಟ್ಟರು.

ಅವರು ಬಂದಿದ್ದಾರೆ. ಆಗಿನಿಂದ ಬಾಗಿಲ ಹತ್ತಿರವೇ ನಿಂತಿದ್ದಾರೆ, ಎಷ್ಟು ಕರೆದರೂ ಒಳಗೆ ಬರಲಿಲ್ಲ. ಯಾರೂ ತಿರುಗಿ ನೋಡಬೇಡಿ, ಏನೂ ಕೇಳಬೇಡಿ. ರಾಮಲಕ್ಷ್ಮಮ್ಮನವರೇ, ಇಲ್ಲಿ ನಿಮ್ಮನ್ನು ಯಾರೂ ಏನೂ ಅನ್ನುವುದಿಲ್ಲ. ಕದಿರಮ್ಮನವರ ಪಕ್ಕದ ಕುರ್ಚಿ ಖಾಲಿ ಇದೆ. ಬನ್ನಿ. ನಿಧಾನವಾಗಿ ಬನ್ನಿ —

ಸಿಸ್ಟರ್ ಶಾಂತಿ, ಇಲ್ಲಿನ ಫ್ಯಾನ್ ನಿಲ್ಲಿಸಿ. ಬೀರೇಶ್ ಅವರಿಗೆ ಆ ಸದ್ದು ಆಗುತ್ತಿರಲಿಲ್ಲ. ಈಗ ನಾವೆಲ್ಲ ಎದ್ದು ನಿಂತು ಬೀರೇಶ್ ಅವರನ್ನು ನೆನೆದು ಸ್ವಲ್ಪ ಹೊತ್ತು ಮೌನವಾಗಿರೋಣ. ಕದಿರಮ್ಮನವರೇ, ನೀವಿಬ್ಬರೂ ಕೂತೇ ಇರಿ. ರಾಮಲಕ್ಷ್ಮಮ್ಮನವರ ಕೈ ಹಿಡಿದುಕೊಳ್ಳಿ.