ಒರೆಸ್ತೆ ಕೊಟ್ಟ ತಳ್ಳು

ಇದು ಸುಳ್ಳಾದರೆ ನನ್ನ ಸೈಕಲ್ಲಿನ ಎರಡೂ ಚಕ್ರ ಪಂಚರ್ ಆಗಲಿ. ನಮ್ಮ ಬೆಲ್ಲೂನೊ ಊರಿನ ಕ್ಷೌರದಂಗಡಿಯಲ್ಲಿ ಸರದಿಗೆ ಕಾಯುತ್ತಾ ಕೇಳಿದ್ದು. ಮುದುಕ ಒರೆಸ್ತೆ ಸೈಕಲ್ ರೇಸಿನ ಲೊವಾಟೋನ ಭಕ್ತ. ಆಗಷ್ಟೇ ಬಂದ ನೆರೀನೊ ಅವನ ಎದುರಾಳಿ ಗ್ರಿಗೊಲೋನ ಭಕ್ತ.

"ನಿನ್ನೆ ರೇಸಲ್ಲಿ, ಘಾಟಿ ಮೇಲೆ, ಕೆಸರು ಮೆತ್ತಿದವನನ್ನ ತಳ್ಳಿದೆಯಲ್ಲ, ಅವನು ನಮ್ಮ ಗ್ರಿಗೊಲೊ ಕಣೋ!"

"ಲೊವಾಟೊ ಬಂದ ಅಂತ ಕೂಗಿದ್ದು ನೀನೇ ತಾನೆ?"

"ಬೇಕಂತಲೇ! ನಿನ್ನವನು ಪೆಡಲ್ ಮೇಲೆ ನಿಂತು ಕುಣೀತಾನೆ. ನಮ್ಮವನು ಹೀಗೆ," ನೆರೀನೊ ಕುರ್ಚಿಯಲ್ಲೇ ಬಗ್ಗಿ ಬುಸುಗುಟ್ಟಿದ, "ಸೀಟಿಗಂಟಿ ಎತ್ತಿನ ಥರ ಎಳೀತಾನೆ. ಗೊತ್ತಾಗಲಿಲ್ವಾ?"

"ಸುಸ್ತಾಗಿ ಕೂತಿದ್ದಾನೆ ಅಂದ್ಕೊಂಡೆ. ಅಬ್ಬಾ, ಏನು ಬೆನ್ನಪ್ಪಾ ಅದು! ಗೋಡೆ ತಳ್ಳಿದ ಹಾಗಿತ್ತು."

"ನಿನ್ನವನ ಕುಣಿತ ನೋಡಿದ್ರೆ ನಂಗೂ ಮೈ ಜುಂ ಅನ್ನುತ್ತೆ, ಸುಳ್ಳು ಯಾಕೆ ಹೇಳ್ಲಿ. ಆದ್ರೂ ಇಪ್ಪತ್ತು ಸೆಕೆಂಡು ಮುಂದಿರೋದು ನಮ್ಮವನೇ."

ಒರೆಸ್ತೆ ಪತ್ರಿಕೆ ಚಾಚಿದ. "ಓದು. ಜನರ ಕೈಲಿ ತಳ್ಳಿಸಿಕೊಂಡಿದ್ದಕ್ಕೆ ಗ್ರಿಗೊಲೋಗೆ ಮೂವತ್ತು ಸೆಕೆಂಡು ದಂಡ. ಮುಂದಿರೋನ ಗುಲಾಬಿ ಅಂಗಿ ಈಗ ಲೊವಾಟೋಗೆ. ತಳ್ಳಿದ ಪುಣ್ಯಾತ್ಮ ಯಾರು ಅಂತ ಬೆಳಗಿಂದ ಯೋಚಿಸ್ತಿದ್ದೆ!"

ನೆರೀನೊ ಪತ್ರಿಕೆ ಕಿತ್ತುಕೊಂಡು ಆ ಸಾಲನ್ನು ಎರಡು ಸಲ ಓದಿದ.

"ನೀನು ಸುಳ್ಳು ಕೂಗದಿದ್ರೆ ನಮ್ಮವನನ್ನೇ ತಳ್ತಿದ್ದೆ ಕಣೋ, ದಂಡ ಅವನಿಗೇ ಬೀಳ್ತಿತ್ತು! ಬಾ, ವೈನ್ ಕುಡಿಸ್ತೀನಿ."

ಇಬ್ಬರೂ ಕ್ಷೌರ ಮರೆತು ಹೊರಟರು. ನೆರೀನೊ ಕೂಡ ನಕ್ಕ. ಬೀದಿ ತಿರುವಿನವರೆಗೂ ಕೇಳಿಸಿದ್ದು ಮಾತ್ರ ಒರೆಸ್ತೆಯ ನಗು.