ಪಕೀರಮ್ಮನ ಹಲಗಿ ಗ್ವಾಡಿ

ನಗೋರಿದ್ರ ಈಗ ಎದ್ದು ಹೋಗ್ರಿ. ನಡುವ ನಕ್ರೆ ನಾ ಹೇಳಂಗಿಲ್ಲ. ಇದು ನಮ್ಮ ಹೊಸಪೇಟಿ ಚಿತ್ತವಾಡ್ಗ್ಯಾಗ, ನಮ್ಮ ಪಕ್ಕದ ಮನಿ ಹುಸೇನಪ್ಪಗ ಆದದ್ದು.

ಹೋದ ಬ್ಯಾಸಿಗ್ಯಾಗ ಅಂವ ಕಾರ್ಖಾನಿ ಸೆಕೆಂಡ್ ಶಿಫ್ಟ್ ಮುಗಿಸಿ ರಾತ್ರಿ, ಮಧ್ಯಾಹ್ನ ಕೊಂಡಿಟ್ಟಿದ್ದ ಗ್ವಾಡಿಗೆ ಹಚ್ಚೋ ಪುಟ್ಟಿ ಚೀಲ ಹೆಗಲಿಗೆ ಹಾಕ್ಕೊಂಡು ಹಾಳು ಬಾವಿ ದಾಟಿ ಬರಾಕತ್ತಿದ್ದ. ಬಾವಿ ಒಳಗಿಂದ... ಟಕ್. ಟಕ್. ಟಕ್. ಕಟಗಿಗೆ ಬೆರಳಿನ ಗೆಣ್ಣು ಬಡಿದಂಗ. ಬಾವ್ಯಾಗ ಕಟಗಿ ಎಲ್ಲಿಂದ ಬರಬೇಕ್ರಿ? ಹುಸೇನಪ್ಪ ತಿರುಗಿ ನೋಡಲಿಲ್ಲ. ಆ ಸದ್ದು ಅವಗ ಗುರ್ತಿತ್ತು.

ಪಕೀರಮ್ಮ ಅಂತ ಅವನ ಅಕ್ಕ. ಅವನ್ನ ಎತ್ತಿ ಆಡಿಸಿದಾಕಿ. ಗಂಡ ಸತ್ತ ಮ್ಯಾಲೆ ಇವನ ಮನ್ಯಾಗ ಇದ್ಲು. ಸೊಂಟ ಬಿದ್ದು ಹಾಸಿಗಿ ಹಿಡದ್ಲು. ರಾತ್ರಿಯೆಲ್ಲಾ ಕೆಮ್ಮು. ನಿದ್ದಿ ಕೆಡ್ತೈತಿ ಅಂತ ಇಂವ ಪಡಸಾಲಿ ನಡುವ ಪ್ಲೈವುಡ್ ಹೊಡದು ಆಕಿಗೊಂದು ಖೋಲಿ ಮಾಡಿದ. "ನೀರು ಬೇಕಾದ್ರ ಮೂರು ಸಲ ಬಡಿ ಅಕ್ಕ" ಅಂದಿದ್ದ.

ಒಂದಿನ ರಾತ್ರಿ ಬಡದ್ಲು. ಇವಗ ಎಚ್ಚರಿತ್ತು... ಚಾದರ ಮುಖದ ಮ್ಯಾಲೆ ಎಳಕೊಂಡ. ಮತ್ತ ಬಡದ್ಲು. ಮಗ್ಗಲು ಬದಲಿಸಿದ. ಮುಂಜಾನೆ ನೋಡಿದ್ರ ಆಕಿ ಕೈ ಇನ್ನೂ ಹಲಗಿಗೆ ಆನಿಕೊಂಡಿತ್ತು. ತಣ್ಣಗ.

"ನಿದ್ದಿ ಹತ್ತಿತ್ತು, ಕೇಳಿಸ್ಲಿಲ್ಲ" ಅಂತ ಮಂದಿಗೆ ಹೇಳಿದ. ಹೆಂಡ್ತಿ ಲಲಿತಾಗೂ ಹಂಗ ಹೇಳಿದ ಪಾಪಿ.

ಆ ಪ್ಲೈವುಡ್ ಮ್ಯಾಲೆ, ಮಂಚದ ಎತ್ತರಕ್ಕ, ಬಡದು ಬಡದು ಸವೆದ ಅಂಗೈಯಗಲ ಕಲಿ ಬಿದ್ದಿತ್ತು. ಅದನ್ನ ಕಣ್ಣಿಲೆ ನೋಡಾಕ ಆಗವಲ್ದು ಅಂತ ಅಂವ ಗಿಲಾವು ಮಾಡಾಕ ನಿಂತದ್ದು.

ಬೇಕಾಬಿಟ್ಟಿ ಮಾಡಲಿಲ್ರಿ. ಉಸುಕಿನ ಕಾಗದ ತಿಕ್ಕಿದ, ಖರ್... ಖರ್. ಸ್ಕ್ರೂ ತಲಿ ಒಳಗ ಕೂಡ್ರಿಸಿದ. ಕಟಗಿ ಪುಟ್ಟಿ ನೀರು ಹೀರಬಾರದಂತ ಎರಡು ಸಲ ಪ್ರೈಮರ್. ಸಂದಿಗೆಲ್ಲಾ ಜಾಳಗಿ ಪಟ್ಟಿ ಅಂಟಿಸಿದ. ಬಾವಿ ದಾಟಿ ಬಂದ ಆ ರಾತ್ರಿ ಪುಟ್ಟಿ ಕಲಸಿಟ್ಟು, ಹಲಗಿ ಎಲ್ಲೆರ ಸಡ್ಲೈತೇನು ಅಂತ ಗೆಣ್ಣಿಲೆ ಬಡದು ನೋಡಿದ. ಟಕ್ ಟಕ್.

ಆ ಕಡೆಯಿಂದ... ಟಕ್. ಟಕ್. ಟಕ್.

"ಲಲಿತಾ... ನೀ ಬಡದೇನು?" ಪಿಸುಗುಟ್ಟಿದ.

"ನಾ ಇಲ್ಲೇ ಅದೀನಲ್ರಿ." ಆಕಿ ಅವನ ಬೆನ್ನಹಿಂದ, ಬಾಗಲದಾಗ ನಿಂತಿದ್ಲು.

ಅವನ ಕೈಯಾಗಿನ ಕರಣಿ ಠಣ್ ಅಂತ ಬಿತ್ತು. ಬಗ್ಗಿ ಎತ್ತಿಕೊಂಡ. ಗಿಲಾವು ಬಿಡಬೇಕಿತ್ತು. ಬಿಡಲಿಲ್ಲ. ಹುಚ್ಚು ಹಿಡದಂಗ ಪುಟ್ಟಿ ಎಳದ, ಸುಯ್... ಸುಯ್... ಕಲಿ ಮುಚ್ಚೋತನಕ ಎಳದ. ಆಮ್ಯಾಲೆ ಅಲ್ಲೇ ಕುಸದು ಕುಂತ.

"ಅವತ್ತು ನಂಗ ಎಚ್ಚರಿತ್ತು, ಲಲಿತಾ."

ಆಕಿ ಬಾಗಲದಿಂದ ಬಂದು ಅವನ ಮಗ್ಗಲಕ್ಕ ಕುಂತ್ಲು.

"ನಂಗೂ ಎಚ್ಚರಿತ್ರಿ... ನೀವು ಏಳ್ತೀರಂತ ಮಾಡಿದ್ದೆ."

ಇಬ್ರೂ ಬೆಳಗಾಗೋತನಕ ಒಬ್ಬರ ಮುಖ ಒಬ್ಬರು ನೋಡಲಿಲ್ಲ.

ಹೊಸಪೇಟಿ ಬ್ಯಾಸಿಗಿ ನಿಮಗ ಗೊತ್ತಲ್ರಿ, ಹಿಂಡಿ ಹಾಕಿದ ಅಂಗಿ ತಾಸಿನಾಗ ಒಣಗತೈತಿ. ಗ್ವಾಡಿಯೆಲ್ಲಾ ಒಣಗಿ ಬೆಳ್ಳಗಾತು. ಮಂಚದ ಎತ್ತರಕ್ಕ ಅಂಗೈಯಗಲ ಮಾತ್ರ ಹಸಿ. ಕೆರದು ತಗದ, ಮತ್ತ ಹಚ್ಚಿದ. ಮೂರು ಸಲ. ಅಷ್ಟಗಲ ಒಣಗವಲ್ದು.

ಸುಳ್ಳಂತೀರೇನು? ವರ್ಷ ಆತು. ಹೋದ ಸೋಮವಾರ ಚಾ ಕುಡಿಯಾಕ ಹೋದಾಗ ನಾನೇ ಬೆರಳಿಟ್ಟು ನೋಡೀನಿ. ಉಗುರಿಗೆ ಹಸಿ ಪುಟ್ಟಿ ಹತ್ತಿತ್ತು.